ಮಕ್ಕಳು ಗೆದ್ದುಕೊಂಡ ಬೀದಿಗಳಲ್ಲಿ ಸೈಕಲ್ ಸವಾರಿ

ಸವಾರಿಗೆ ಮೊದಲು ಬ್ರೇಕಿನ ಪಾಠ. ಆಮ್‌ಸ್ಟರ್‌ಡ್ಯಾಂನಲ್ಲಿ ಪ್ರವಾಸಿಗರ ಕೈಗೆ ಕೊಡುವ ಸೈಕಲ್ಲುಗಳಲ್ಲಿ ಹಲವಕ್ಕೆ ಹ್ಯಾಂಡಲಿನಲ್ಲಿ ಬ್ರೇಕೇ ಇರುವುದಿಲ್ಲ. ಪೆಡಲನ್ನು ಹಿಂದಕ್ಕೆ ಒತ್ತಿ ತುಳಿದರೆ ಹಿಂದಿನ ಗಾಲಿ ನಿಲ್ಲುತ್ತದೆ. ಪೆಡಲನ್ನು ಸುಮ್ಮನೆ ಹಿಂದಕ್ಕೆ ತಿರುಗಿಸುತ್ತಾ ಆರಾಮವಾಗಿ ಸಾಗುವ ಅಭ್ಯಾಸವಿರುವವರು ಮೊದಲ ಹತ್ತು ನಿಮಿಷ ತಬ್ಬಿಬ್ಬಾಗುತ್ತಾರೆ. ಹೀಗಾಗಿ ಗೈಡ್ ಗುಂಪನ್ನು ಯಾವುದಾದರೂ ಖಾಲಿ ಜಾಗದಲ್ಲಿ ಎರಡು ಸುತ್ತು ಹಾಕಿಸಿಯೇ ಹೊರಡುವುದು.

ಉಳಿದ ನಿಯಮಗಳು ಸರಳ. ರಸ್ತೆಯ ಬಲಗಡೆ ಹೋಗಬೇಕು (ಭಾರತದಿಂದ ಹೋದವರು ಇದನ್ನು ತಿರುವುಗಳಲ್ಲಿ ತಪ್ಪದೆ ಮರೆಯುತ್ತಾರೆ). ತಿರುಗುವ ಮುನ್ನ ಕೈ ಚಾಚಬೇಕು. ಟ್ರಾಂ ಹಳಿಯನ್ನು ನೇರವಾಗಿ ಅಡ್ಡ ದಾಟಬೇಕು. ಓರೆಯಾಗಿ ಹೋದರೆ ಗಾಲಿ ಹಳಿಯ ಸಂದಿಗೆ ಸಿಕ್ಕಿ ಸವಾರ ನೆಲಕ್ಕೆ. ಫೋಟೋ ತೆಗೆಯುವ ಆಸೆಯಿಂದ ಕೆಂಪು ಬಣ್ಣದ ಸೈಕಲ್ ಪಥದ ನಡುವೆ ನಿಲ್ಲಬಾರದು. ನಿಂತರೆ ಹಿಂದಿನಿಂದ ಗಂಟೆಗಳ ಸುರಿಮಳೆಯಾಗುತ್ತದೆ, ಜತೆಗೆ ಡಚ್ ಭಾಷೆಯ ಒಂದೆರಡು ಬೈಗುಳ. ಕಚೇರಿಗೆ ಹೊರಟವರಿಗೆ ಪ್ರವಾಸಿಗರ ಮೇಲೆ ಅಷ್ಟೇನೂ ಪ್ರೀತಿಯಿಲ್ಲ.

ನಗರದಲ್ಲಿ ಜನಸಂಖ್ಯೆ ಒಂಬತ್ತು ಲಕ್ಷ ದಾಟಿದೆ, ಸೈಕಲ್ಲುಗಳ ಸಂಖ್ಯೆಯೂ ಹೆಚ್ಚು ಕಡಿಮೆ ಅಷ್ಟೇ. ಸೂಟು ಬೂಟು ತೊಟ್ಟವರು, ಮುಂದಿನ ಮರದ ಪೆಟ್ಟಿಗೆಯಲ್ಲಿ ಎರಡು ಮಕ್ಕಳನ್ನು ಕೂರಿಸಿಕೊಂಡ ತಾಯಂದಿರು, ಎಪ್ಪತ್ತು ದಾಟಿದ ಅಜ್ಜಿಯರು ಎಲ್ಲರೂ ಸೈಕಲ್ಲಿನ ಮೇಲೆಯೇ. ಇದನ್ನು ನೋಡಿದವರು, ‘ಇವರಿಗೆ ಇದು ಹುಟ್ಟಿನಿಂದಲೇ ಬಂದದ್ದು, ನೆಲವೂ ಸಪಾಟು, ಇನ್ನೇನು!’ ಎಂದುಕೊಳ್ಳುತ್ತಾರೆ. ಅದು ಅರ್ಧ ಸತ್ಯ ಮಾತ್ರ. ಉಳಿದ ಅರ್ಧವನ್ನು ಹೇಳಬಲ್ಲ ಗೈಡ್ ಸಿಕ್ಕರೆ ಮೂರು ಗಂಟೆಯ ಸವಾರಿ ಸಾರ್ಥಕ. ಪ್ರವಾಸ ಸಂಸ್ಥೆಗಳ ದಾರಿಗಳು ಬೇರೆ ಬೇರೆ. ರೈಲು ನಿಲ್ದಾಣದಿಂದ ದಕ್ಷಿಣಕ್ಕೆ ಇಳಿದು, ಕಾಲುವೆಗಳ ಗುಂಟ ಮರಳಿ ಬರುವ ದಾರಿಯಲ್ಲಿ ಆ ಕತೆ ಕ್ರಮವಾಗಿ ಬಿಚ್ಚಿಕೊಳ್ಳುತ್ತದೆ.

ನೀರಿನಡಿಯ ಸ್ಟ್ಯಾಂಡ್

ಸೆಂಟ್ರಲ್ ನಿಲ್ದಾಣದ ಎದುರಿನ ನೀರಿನ ಕೆಳಗೆ 2023ರ ಜನವರಿಯಲ್ಲಿ 7,000 ಸೈಕಲ್ ನಿಲ್ಲಿಸುವ ಸ್ಟ್ಯಾಂಡ್ ತೆರೆಯಿತು. ಮರುತಿಂಗಳೇ ನಿಲ್ದಾಣದ ಹಿಂಬದಿಯಲ್ಲಿ ಇನ್ನೂ 4,000 ಸೈಕಲ್ಲುಗಳಿಗೆ ಜಾಗವಾಯಿತು. ಮೊದಲ 24 ಗಂಟೆ ಕಾಸು ಕೊಡಬೇಕಿಲ್ಲ. ಇಲ್ಲಿ ನೆಲವೆಂಬುದೇ ಜೌಗು. 13ನೇ ಶತಮಾನದಲ್ಲಿ ಆಮ್‌ಸ್ಟೆಲ್ ನದಿಗೆ ಕಟ್ಟಿದ ಒಡ್ಡಿನಿಂದಲೇ ಊರಿಗೆ ಈ ಹೆಸರು. ಹಳೆಯ ಮನೆಗಳೆಲ್ಲ ಕೆಸರಿಗೆ ಹೊಡೆದ ಮರದ ಕಂಬಗಳ ಮೇಲೆ ನಿಂತಿವೆ. ಡಾಂ ಚೌಕದಲ್ಲಿ 1655ರಲ್ಲಿ ಪುರಭವನವಾಗಿ ಆರಂಭವಾಗಿ, ಮುಂದೆ ಅರಮನೆಯಾದ ಕಟ್ಟಡದ ಕೆಳಗೆ 13,659 ಕಂಬಗಳಿವೆ. ಡಚ್ ಶಾಲಾ ಮಕ್ಕಳು ಈ ಸಂಖ್ಯೆಯನ್ನು ನೆನಪಿಡುವ ಉಪಾಯ ಸೊಗಸಾಗಿದೆ: ವರ್ಷದ ದಿನಗಳು 365, ಅದರ ಮುಂದೆ 1, ಹಿಂದೆ 9.

ನಿಲ್ದಾಣದಿಂದ ಐದಾರು ನಿಮಿಷ ತುಳಿದರೆ ನೀವ್‌ಮಾರ್ಕ್ಟ್ ಚೌಕ. ನಡುವೆ ನಿಂತಿರುವ ಕೋಟೆಯಂಥ ಕಟ್ಟಡ 15ನೇ ಶತಮಾನದ ಊರಬಾಗಿಲು. ಹತ್ತಿರದಲ್ಲೇ ಡಚ್ ಈಸ್ಟ್ ಇಂಡಿಯಾ ಕಂಪನಿಯ ಹಳೆಯ ಕೇಂದ್ರ ಕಚೇರಿ ಇದೆ, ಈಗ ವಿಶ್ವವಿದ್ಯಾಲಯದ ವಶದಲ್ಲಿ. 1602ರಲ್ಲಿ ಹುಟ್ಟಿದ ಈ ಕಂಪನಿ ಮೆಣಸು, ಅಕ್ಕಿ ಅರಸಿ ಕನ್ನಡ ಕರಾವಳಿಯ ಬಸರೂರಿನವರೆಗೂ ಬಂದು ವ್ಯಾಪಾರ ನಡೆಸಿತ್ತು. ಇಲ್ಲಿಯ ಕಾಲುವೆ ದಂಡೆಯ ಮನೆಗಳ ಸಿರಿ ಎಲ್ಲಿಂದ ಬಂತು ಎಂಬ ಪ್ರಶ್ನೆಗೆ ಉತ್ತರದ ಒಂದು ತುಣುಕು ಕುಂದಾಪುರ ತಾಲ್ಲೂಕಿನಲ್ಲೂ ಸಿಗುತ್ತದೆ.

ಆದರೆ ನೀವ್‌ಮಾರ್ಕ್ಟ್‌ನಲ್ಲಿ ಗೈಡ್ ನಿಲ್ಲುವುದು ಇನ್ನೊಂದು ಕಾರಣಕ್ಕೆ. ಎರಡನೇ ಮಹಾಯುದ್ಧಕ್ಕೆ ಮೊದಲು ಈ ಊರಿನ ತುಂಬ ಸೈಕಲ್ಲುಗಳಿದ್ದವು, ನಿಜ. ಯುದ್ಧದ ನಂತರ ಕೈಯಲ್ಲಿ ಹಣ ಓಡಾಡತೊಡಗಿ ಕಾರುಗಳು ಬಂದವು. 17ನೇ ಶತಮಾನದ ಬೀದಿಗಳಲ್ಲಿ ಅವು ಹಿಡಿಸಲಿಲ್ಲ. 1954ರಲ್ಲಿ ನಗರದ ಪೊಲೀಸ್ ಮುಖ್ಯಸ್ಥ ಹೆಂಡ್ರಿಕ್ ಕಾಸ್‌ಯಾಗರ್, ಕಾಲುವೆಗಳನ್ನು ಮುಚ್ಚಿ ರಸ್ತೆ ಮಾಡೋಣ ಎಂದು ಸೂಚಿಸಿದ. 1967ರಲ್ಲಿ ಡೇವಿಡ್ ಯೋಕಿನೆನ್ ಎಂಬ ಅಮೆರಿಕದ ಯೋಜಕ ಇನ್ನೂ ಮುಂದೆ ಹೋಗಿ, ಹಳೆಯ ಬಡಾವಣೆಗಳನ್ನು ಕೆಡವಿ ಊರಿನ ಹೊಟ್ಟೆಯೊಳಗೇ ಹೆದ್ದಾರಿ ತರುವ ನಕ್ಷೆ ಬರೆದ. ಎರಡೂ ಕಾಗದದಲ್ಲೇ ಉಳಿದವು. ನೀವ್‌ಮಾರ್ಕ್ಟ್‌ನಲ್ಲಿ ಮಾತ್ರ ಗುದ್ದಲಿ ನಿಜವಾಗಿಯೂ ಬಿತ್ತು. ಕೆಳಗೆ ಮೆಟ್ರೊ, ಮೇಲೆ ಅಗಲ ರಸ್ತೆ ಎಂಬ ಯೋಜನೆಗಾಗಿ ಮನೆಗಳನ್ನು ಉರುಳಿಸಲು ಬಂದಾಗ, 1975ರ ಮಾರ್ಚ್ ಮತ್ತು ಏಪ್ರಿಲ್‌ನಲ್ಲಿ ಇಲ್ಲಿ ಪೊಲೀಸರಿಗೂ ನಿವಾಸಿಗಳಿಗೂ ಬೀದಿ ಕಾಳಗವೇ ನಡೆಯಿತು. ಮೆಟ್ರೊ ಬಂತು, ರಸ್ತೆ ಬರಲಿಲ್ಲ. ಕೆಡವಿದ ಕಡೆ ಹಳೆಯ ಬೀದಿಯ ಅಳತೆಯಲ್ಲೇ ಹೊಸ ಮನೆಗಳೆದ್ದವು. ಅಂದು ಉರುಳಬೇಕಿದ್ದ ಪಿಂಟೊ ಎಂಬ ವರ್ತಕ ಮನೆತನದ 17ನೇ ಶತಮಾನದ ಮನೆ ಈಗಲೂ ಬೀದಿಯ ಬದಿಯಲ್ಲಿ ನಿಂತಿದೆ. ನೆಲದಡಿಯ ಮೆಟ್ರೊ ನಿಲ್ದಾಣದ ಗೋಡೆಗಳ ಮೇಲೆ ಆ ಹೋರಾಟದ ಚಿತ್ರಗಳಿವೆ. ಸೋತವರೇ ಗೆದ್ದವರ ಸ್ಮಾರಕ ಇಟ್ಟಂತೆ!

ಆ ರಸ್ತೆ ಬಂದಿದ್ದರೆ ಹೇಗಿರುತ್ತಿತ್ತು ಎಂಬುದನ್ನು ನೋಡಲು ದೂರ ಹೋಗಬೇಕಿಲ್ಲ. ದಕ್ಷಿಣಕ್ಕೆ ಸ್ವಲ್ಪ ಸಾಗಿದರೆ ವೇಸ್ಪರ್‌ಸ್ಟ್ರಾಟ್. ಇದು ಯಹೂದಿಗಳ ಕೇರಿಯ ಗಜಿಬಿಜಿ ಬೀದಿಯಾಗಿತ್ತು. ಯುದ್ಧಕಾಲದಲ್ಲಿ ನಾಜಿಗಳು ಇಲ್ಲಿಯ ಜನರನ್ನು ಸಾಗಿಸಿಬಿಟ್ಟರು. 1944-45ರ ಹಸಿವಿನ ಚಳಿಗಾಲದಲ್ಲಿ ಉರುವಲಿಗಾಗಿ ಉಳಿದವರು ಖಾಲಿ ಮನೆಗಳ ತೊಲೆ, ಬಾಗಿಲುಗಳನ್ನು ಕಿತ್ತರು, ಮನೆಗಳು ಕುಸಿದವು. ಕೇಳುವವರಿಲ್ಲದ ಆ ಜಾಗದಲ್ಲಿ 1960ರ ದಶಕದಲ್ಲಿ ಅಗಲವಾದ ವಾಹನ ರಸ್ತೆ ಹಾದುಹೋಯಿತು. ಅದರ ಪಕ್ಕದಲ್ಲಿ 2021ರಿಂದ ಇಟ್ಟಿಗೆಯ ಸ್ಮಾರಕವೊಂದಿದೆ. ಕೊಲೆಯಾದವರ 1,02,000 ಹೆಸರುಗಳು, ಒಂದೊಂದು ಇಟ್ಟಿಗೆಗೆ ಒಂದೊಂದು ಹೆಸರು, ಹುಟ್ಟಿದ ದಿನ, ಸಾಯುವಾಗಿನ ವಯಸ್ಸು. ಹೆಸರು ಓದುತ್ತಾ ಹೋದಂತೆ ಮಕ್ಕಳ ವಯಸ್ಸುಗಳು ಕಣ್ಣಿಗೆ ಬೀಳುತ್ತವೆ. ಗುಂಪಿನ ಮಾತು ಇಲ್ಲಿ ತಾನಾಗಿ ನಿಲ್ಲುತ್ತದೆ.

‘ಮಕ್ಕಳ ಕೊಲೆ ನಿಲ್ಲಿಸಿ’

ಆಮ್‌ಸ್ಟೆಲ್ ನದಿಯ ಮೇಲಿನ ಬಿಳಿಯ ಎತ್ತುಸೇತುವೆಯನ್ನು ದಾಟಿ, ದಕ್ಷಿಣಕ್ಕೆ ತಿರುಗಿದರೆ ದ ಪೈಪ್ ಬಡಾವಣೆ. 19ನೇ ಶತಮಾನದ ಕೊನೆಯಲ್ಲಿ ಕಾರ್ಮಿಕರಿಗಾಗಿ ಒತ್ತೊತ್ತಾಗಿ ಕಟ್ಟಿದ ಮನೆಗಳು, ಕೊಳವೆಯಂಥ ನೀಳ ಬೀದಿಗಳು. ಪ್ರೇಕ್ಷಣೀಯ ಸ್ಥಳಗಳ ಪಟ್ಟಿಯಲ್ಲಿ ಇದಕ್ಕೆ ಸಿಗುವುದು ಮಾರುಕಟ್ಟೆಯ ಹೆಸರಿನಲ್ಲಿ ಒಂದು ಸಾಲು. ಆದರೆ ಸೈಕಲ್ ಸವಾರರು ಇಳಿದು ನೋಡಬೇಕಾದ ಜಾಗ ಯಾವುದಾದರೂ ಇದ್ದರೆ ಇದೇ.

1971ರಲ್ಲಿ ನೆದರ್‌ಲ್ಯಾಂಡ್ಸ್ ದೇಶದಲ್ಲಿ ರಸ್ತೆ ಅಪಘಾತಗಳಿಗೆ ಸುಮಾರು 3,300 ಜನ ಬಲಿಯಾದರು. ಅವರಲ್ಲಿ ನಾನೂರಕ್ಕೂ ಹೆಚ್ಚು ಮಕ್ಕಳು. ಹಾಗೆ ಸತ್ತ ಆರು ವರ್ಷದ ಒಬ್ಬ ಹುಡುಗಿಯ ತಂದೆ ಪತ್ರಕರ್ತ. ವಿಕ್ ಲಾಂಗೆನ್‌ಹಾಫ್ ಎಂಬ ಆತ 1972ರಲ್ಲಿ ‘ದ ತೈಡ್’ ಪತ್ರಿಕೆಯಲ್ಲಿ ‘ಮಕ್ಕಳ ಕೊಲೆ ನಿಲ್ಲಿಸಿ’ ಎಂಬ ತಲೆಬರಹದಡಿ ಬರೆದ. ‘ಅಪಘಾತ’ ಎಂಬ ಮೆತ್ತನೆಯ ಪದವನ್ನು ಬಿಟ್ಟು ನೇರವಾಗಿ ‘ಕೊಲೆ’ ಎಂದದ್ದು ದೇಶವನ್ನು ಬೆಚ್ಚಿಬೀಳಿಸಿತು. ಅದೇ ಹೆಸರಿನಲ್ಲಿ ತಂದೆತಾಯಿಗಳ ಚಳವಳಿ ಎದ್ದಿತು. ಅವರು ಅಪಘಾತ ಹೆಚ್ಚಾಗುವ ಜಾಗಗಳಲ್ಲಿ ಹೋಗಿ ಕೂತರು, ಬೀದಿ ಮುಚ್ಚಿ ಮಕ್ಕಳನ್ನು ಆಡಲು ಬಿಟ್ಟರು, ರಸ್ತೆಯ ನಡುವೆ ಮೇಜು ಹಾಕಿ ಊಟ ಮಾಡಿದರು.

ದ ಪೈಪ್‌ನಲ್ಲಿ ಮಕ್ಕಳೇ ಮುಂದಾದರು. ಎರಡೂ ಬದಿಗೆ ಕಾರುಗಳು ನಿಂತು ಆಡಲು ಅಂಗೈಯಗಲ ಜಾಗವಿರಲಿಲ್ಲ. 1972ರಲ್ಲಿ ಡಚ್ ಟೆಲಿವಿಷನ್ನಿಗಾಗಿ ತೆಗೆದ ಒಂದು ಚಿತ್ರದಲ್ಲಿ ಈ ಶಾಲಾ ಮಕ್ಕಳ ಹೋರಾಟ ದಾಖಲಾಗಿದೆ. ತರಗತಿಯಲ್ಲಿ ಕೂತು ಬೀದಿಯ ಸಮಸ್ಯೆ ಚರ್ಚಿಸುತ್ತಾರೆ, ಮನೆಮನೆಗೆ ಹೋಗಿ ಸಹಿ ಸಂಗ್ರಹಿಸುತ್ತಾರೆ, ಕೊನೆಗೆ ಬೀದಿಗೆ ಅಡ್ಡಗಟ್ಟೆ ಇಡುತ್ತಾರೆ. ಕಾರಿನಿಂದ ಇಳಿದ ದೊಡ್ಡವರು ಸಿಟ್ಟಿನಿಂದ ಅದನ್ನು ಎಳೆದುಹಾಕುತ್ತಾರೆ. ಮಕ್ಕಳು ಬಿಡದೆ ವಾದಿಸುತ್ತಾರೆ. ಹತ್ತು ಹನ್ನೆರಡು ವರ್ಷದ ಆ ಹುಡುಗ ಹುಡುಗಿಯರು ಈಗ ಅರವತ್ತು ದಾಟಿದವರು. ಈ ನಗರದ ಸೈಕಲ್ ಸಂಸ್ಕೃತಿ ಯಾವುದೋ ಪುರಾತನ ಸಂಪ್ರದಾಯವಲ್ಲ, ಇನ್ನೂ ಬದುಕಿರುವವರ ನೆನಪಿನೊಳಗೆ ನಡೆದ ಜಗಳದ ಫಲ.

ಕಾಲವೂ ಕೂಡಿಬಂತು. 1973ರ ತೈಲ ಬಿಕ್ಕಟ್ಟಿನಲ್ಲಿ ಪೆಟ್ರೋಲ್ ಉಳಿಸಲು ಸರ್ಕಾರ ನವೆಂಬರ್ 4ರಿಂದ ಭಾನುವಾರಗಳಂದು ಖಾಸಗಿ ಕಾರುಗಳನ್ನು ನಿಷೇಧಿಸಿತು. ಜನ ಖಾಲಿ ಹೆದ್ದಾರಿಗಳಲ್ಲಿ ಸೈಕಲ್ ಹೊಡೆದರು. ಕಾರಿಲ್ಲದ ಬೀದಿ ಹೇಗಿರುತ್ತದೆಂದು ಒಮ್ಮೆ ನೋಡಿದವರಿಗೆ ಮತ್ತೆ ಮರೆಯುವುದು ಕಷ್ಟ. 1975ರಲ್ಲಿ ಸೈಕಲ್ ಸವಾರರ ರಾಷ್ಟ್ರೀಯ ಸಂಘ ಹುಟ್ಟಿತು. ಸಾವಿರಾರು ಜನ ಆಮ್‌ಸ್ಟರ್‌ಡ್ಯಾಂನಲ್ಲಿ ಮೆರವಣಿಗೆ ಮಾಡಿದರು. 1978ರಲ್ಲಿ ನಗರಸಭೆ ಕಾರಿಗೆ ಕಡಿವಾಣ ಹಾಕುವ ಸಂಚಾರ ಯೋಜನೆ ತಂದಿತು. ಅಲ್ಲಿಂದ ಮುಂದೆ ಒಂದೊಂದೇ ಬೀದಿಯಾಗಿ ಊರು ಬದಲಾಯಿತು. 2023ರ ಡಿಸೆಂಬರ್‌ನಿಂದ ನಗರದ ಬಹುತೇಕ ರಸ್ತೆಗಳಲ್ಲಿ ವೇಗದ ಮಿತಿ ಗಂಟೆಗೆ 30 ಕಿ.ಮೀ. ಮಾತ್ರ.

ಎಲ್ಲ ಸರಿಹೋಗಿದೆ ಎಂದಲ್ಲ. 2023ರಲ್ಲಿ ದೇಶದ ರಸ್ತೆಗಳಲ್ಲಿ ಸತ್ತವರು 684 ಜನ, ಅವರಲ್ಲಿ 270 ಮಂದಿ ಸೈಕಲ್ ಸವಾರರು. ವಿದ್ಯುತ್ ಸೈಕಲ್ಲುಗಳ ವೇಗ ಹೊಸ ತಲೆನೋವು, ಹೆಲ್ಮೆಟ್ ಹಾಕುವವರೂ ವಿರಳ. ಆದರೂ 3,300 ಎಂಬ ಹಳೆಯ ಅಂಕಿಯ ಪಕ್ಕದಲ್ಲಿ ಇದನ್ನಿಟ್ಟು ನೋಡಬೇಕು. ಪಾಲಕರ ಗಮನಕ್ಕೆ ಇನ್ನೊಂದು ಮಾತು: ಪ್ರಾಥಮಿಕ ಶಾಲೆ ಮುಗಿಯುವ ಹೊತ್ತಿಗೆ, ಹನ್ನೊಂದು ಹನ್ನೆರಡರ ವಯಸ್ಸಿನಲ್ಲಿ, ಇಲ್ಲಿಯ ಮಕ್ಕಳು ಸಂಚಾರ ಪರೀಕ್ಷೆ ಬರೆಯುತ್ತಾರೆ. ಎಷ್ಟೋ ಶಾಲೆಗಳಲ್ಲಿ ಅದರ ಪ್ರಾಯೋಗಿಕ ಭಾಗ ನಿಜವಾದ ರಸ್ತೆಯಲ್ಲೇ ಸೈಕಲ್ ಮೇಲೆ ನಡೆಯುತ್ತದೆ.

ಮ್ಯೂಸಿಯಂ ಒಳಗಿಂದ

ದ ಪೈಪ್‌ನಿಂದ ಪಶ್ಚಿಮಕ್ಕೆ ಸ್ವಲ್ಪ ದೂರದಲ್ಲಿ ಸವಾರಿಯ ಅತ್ಯಂತ ಮೋಜಿನ ಗಳಿಗೆ. ರೆಂಬ್ರಾಂಟ್ 1642ರಲ್ಲಿ ಬರೆದ ‘ರಾತ್ರಿ ಕಾವಲು’ ಚಿತ್ರವಿರುವ ರೈಕ್ಸ್ ಮ್ಯೂಸಿಯಂ ಕಟ್ಟಡದ ನಡುವೆ ಸೈಕಲ್ ದಾರಿ ಹಾದುಹೋಗುತ್ತದೆ! 1885ರಲ್ಲಿ ತೆರೆದ ಈ ಕಟ್ಟಡದಲ್ಲಿ ಶಿಲ್ಪಿ ಕೌಪರ್ಸ್ ಸಾರ್ವಜನಿಕರಿಗೆ ಕಮಾನಿನ ಹಾದಿ ಬಿಟ್ಟಿದ್ದ. 2003ರಿಂದ 2013ರವರೆಗಿನ ದುರಸ್ತಿಯ ಕಾಲದಲ್ಲಿ, ಸೈಕಲ್ಲುಗಳನ್ನು ಹೊರಗಿಟ್ಟು ಭವ್ಯವಾದ ಪ್ರವೇಶದ್ವಾರ ಮಾಡಬೇಕೆಂದು ಮ್ಯೂಸಿಯಂನವರು ಬಯಸಿದರು. ಸೈಕಲ್ ಸಂಘ ಪಟ್ಟು ಬಿಡಲಿಲ್ಲ. ವರ್ಷಗಟ್ಟಲೆ ವಾಗ್ವಾದವಾಗಿ, 2013ರಲ್ಲಿ ದಾರಿ ಮತ್ತೆ ಸೈಕಲ್ಲಿಗೆ ತೆರೆಯಿತು. ಎರಡೂ ಬದಿಯ ಗಾಜಿನಾಚೆ ಮ್ಯೂಸಿಯಂನ ಒಳಾಂಗಣ ಕಾಣುತ್ತದೆ. ಕಮಾನಿನಡಿ ಯಾರಾದರೂ ವಾದ್ಯ ನುಡಿಸುತ್ತಿದ್ದರಂತೂ ಕೇಳುವುದೇ ಬೇಡ.

ಅಲ್ಲಿಂದ ಕಾಲುವೆಗಳ ವಲಯ. 1613ರಿಂದ ತೋಡಿದ ಹೇರೆನ್‌ಗ್ರಾಖ್ಟ್, ಕೈಜರ್ಸ್‌ಗ್ರಾಖ್ಟ್, ಪ್ರಿನ್ಸೆನ್‌ಗ್ರಾಖ್ಟ್ ಎಂಬ ಮೂರು ಕಾಲುವೆಗಳು ಅರ್ಧಚಂದ್ರಾಕಾರದಲ್ಲಿ ಹಳೆಯ ಊರನ್ನು ಬಳಸಿವೆ. 2010ರಲ್ಲಿ ಯುನೆಸ್ಕೊ ಈ ವಲಯವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಪೊಲೀಸ್ ಮುಖ್ಯಸ್ಥ ಡಾಂಬರು ಹಾಕಬೇಕೆಂದದ್ದು ಇಂಥ ಕಾಲುವೆಗಳ ಮೇಲೆ! ಮನೆಗಳು ಸಪೂರ, ಮೆಟ್ಟಿಲುಗಳು ಏಣಿಯಷ್ಟು ಕಡಿದು. ಅದಕ್ಕೇ ಪ್ರತಿ ಮನೆಯ ನೆತ್ತಿಯಲ್ಲೂ ತೊಲೆ, ಕೊಕ್ಕೆ. ಮಂಚ, ಬೀರುಗಳನ್ನು ಈಗಲೂ ಹಗ್ಗ ಕಟ್ಟಿ ಕಿಟಕಿಯಿಂದ ಒಳಗೆಳೆಯುತ್ತಾರೆ. ಕಾಲುವೆಯ ಆಳ ಮೂರು ಮೀಟರ್, ಒಂದು ಮೀಟರ್ ಕೆಸರು, ಒಂದು ಮೀಟರ್ ಸೈಕಲ್, ಒಂದು ಮೀಟರ್ ನೀರು ಎಂಬುದು ಊರಿನ ಹಳೆಯ ತಮಾಷೆ. ತೀರಾ ತಮಾಷೆಯೂ ಅಲ್ಲ: ವರ್ಷಕ್ಕೆ 12ರಿಂದ 15 ಸಾವಿರ ಸೈಕಲ್ಲುಗಳನ್ನು ದೋಣಿಯ ಮೇಲಿನ ಕ್ರೇನ್ ಮೇಲೆತ್ತುತ್ತದೆ.

ಪ್ರಿನ್ಸೆನ್‌ಗ್ರಾಖ್ಟ್ 263

ಕೊನೆಯ ನಿಲುಗಡೆ ವೆಸ್ಟರ್‌ಕೆರ್ಕ್ ಚರ್ಚಿನ ಗೋಪುರದ ನೆರಳಿನಲ್ಲಿ. ಪಕ್ಕದ ಪ್ರಿನ್ಸೆನ್‌ಗ್ರಾಖ್ಟ್ 263ನೇ ಮನೆಯ ಹಿಂಭಾಗದಲ್ಲಿ ಆ್ಯನ್ ಫ್ರಾಂಕ್ ಎರಡು ವರ್ಷಕ್ಕೂ ಹೆಚ್ಚು ಕಾಲ ಅಡಗಿದ್ದು ದಿನಚರಿ ಬರೆದಳು. ಒಳಗೆ ಹೋಗಲು ಅಂತರ್ಜಾಲದಲ್ಲಿ ವಾರಗಳ ಮೊದಲೇ ಟಿಕೆಟ್ ಕಾದಿರಿಸಬೇಕು. ಸೈಕಲ್ ಗುಂಪು ನೋಡುವುದು ಹೊರಗಿನಿಂದ ಮಾತ್ರ.

ಆ ಕತೆಯಲ್ಲೂ ಸೈಕಲ್ ಇದೆ. 1942ರ ಬೇಸಿಗೆಯ ಹೊತ್ತಿಗೆ ಯಹೂದಿಗಳು ಟ್ರಾಂ ಹತ್ತುವಂತಿರಲಿಲ್ಲ, ಸೈಕಲ್ಲುಗಳನ್ನು ಒಪ್ಪಿಸಬೇಕೆಂದು ಆಜ್ಞೆಯಾಗಿತ್ತು. ಆ್ಯನ್‌ಳ ಸೈಕಲ್ ಈಸ್ಟರ್ ರಜೆಯಲ್ಲೇ ಕಳುವಾಗಿತ್ತು. ತಾಯಿಯ ಸೈಕಲ್ಲನ್ನು ತಂದೆ ಪರಿಚಯದ ಕ್ರೈಸ್ತ ಕುಟುಂಬದಲ್ಲಿ ಇಡಲು ಕೊಟ್ಟಿದ್ದ. ಹದಿನಾರು ವರ್ಷದ ಅಕ್ಕ ಮಾರ್ಗೊ ಮಾತ್ರ ತನ್ನದನ್ನು ಒಪ್ಪಿಸದೆ ಉಳಿಸಿಕೊಂಡಿದ್ದಳು. ಜುಲೈ 5ರಂದು ಅವಳ ಹೆಸರಿಗೇ ಜರ್ಮನಿಯ ದುಡಿಮೆ ಶಿಬಿರಕ್ಕೆ ಕರೆ ಬಂತು. ಮರುದಿನ ಬೆಳಿಗ್ಗೆ ಮಳೆಯಲ್ಲಿ, ತಂದೆಯ ಕಚೇರಿಯ ಮೀಪ್ ಖೀಸ್ ಜತೆಗೆ ಮಾರ್ಗೊ ಸೈಕಲ್ ತುಳಿದುಕೊಂಡು ಈ ಮನೆಗೆ ಬಂದಳು. ಸೈಕಲ್ ಇಲ್ಲದ ಆ್ಯನ್ ತಂದೆತಾಯಿಯರೊಂದಿಗೆ ಬಟ್ಟೆಯ ಮೇಲೆ ಬಟ್ಟೆ ತೊಟ್ಟು, ಊರಿನ ದಕ್ಷಿಣ ತುದಿಯಿಂದ ನೆನೆಯುತ್ತಾ ನಡೆದು ಬಂದಳು. 1944ರ ಆಗಸ್ಟ್ 4ರಂದು ಅಡಗಿದ್ದ ಎಂಟೂ ಮಂದಿ ಸಿಕ್ಕಿಬಿದ್ದರು. ಅಕ್ಕತಂಗಿಯರಿಬ್ಬರೂ 1945ರಲ್ಲಿ ಬರ್ಗೆನ್-ಬೆಲ್ಸೆನ್ ಶಿಬಿರದಲ್ಲಿ ತೀರಿಕೊಂಡರು. ಉಳಿದು ಮರಳಿದವನು ತಂದೆ ಆಟೊ ಫ್ರಾಂಕ್ ಒಬ್ಬನೇ.

ಇಲ್ಲಿಂದ ರೈಲು ನಿಲ್ದಾಣಕ್ಕೆ ಹತ್ತು ನಿಮಿಷದ ದಾರಿ. ಮಧ್ಯಾಹ್ನ ಮೂರರ ಆಸುಪಾಸಾದರೆ ಶಾಲೆ ಬಿಟ್ಟ ಮಕ್ಕಳ ಸೈಕಲ್ಲುಗಳು ಕಾಲುವೆ ದಂಡೆಯ ತುಂಬ ಹರಡಿರುತ್ತವೆ. ಅವರಿಗೆ ದಾರಿ ಬಿಡಲು ಗೈಡ್ ಕೈ ಎತ್ತಿ ಗುಂಪನ್ನು ಸೇತುವೆಯ ಬದಿಗೆ ನಿಲ್ಲಿಸುತ್ತಾರೆ.