ಬಿಸ್ಕತ್ತು ತೆಳ್ಳಗಿರಲಿ, ಜಿಡ್ಡು ಒಳ್ಳೆಯದಿರಲಿ

ಸಂಜೆ ಚಹಾದೊಂದಿಗೆ ಬೇಕರಿ ಬಿಸ್ಕತ್ತು ತಿನ್ನುವುದು ಚಳ್ಳಕೆರೆ, ಮೊಳಕಾಲ್ಮೂರಿನ ಮನೆಗಳಲ್ಲೂ ರೂಢಿ. ವನಸ್ಪತಿ ಹಾಕಿದರೆ ಬಿಸ್ಕತ್ತು ಗರಿಗರಿಯಾಗುತ್ತದೆ. ಆದರೆ ಅದರಲ್ಲಿರಬಹುದಾದ ಟ್ರಾನ್ಸ್ ಕೊಬ್ಬು ಕೆಟ್ಟ ಕೊಲೆಸ್ಟರಾಲ್ ಹೆಚ್ಚಿಸಿ, ಒಳ್ಳೆಯದನ್ನು ತಗ್ಗಿಸಿ ಹೃದಯಕ್ಕೆ ಕುತ್ತು ತರುತ್ತದೆ. ಈ ಕೊಬ್ಬು ಶೇ 2ನ್ನು ಮೀರಬಾರದೆಂಬ ನಿಯಮ 2022ರ ಜನವರಿಯಿಂದ ಜಾರಿಯಲ್ಲಿದೆ. ಆದರೂ ಬಿಡಿಯಾಗಿ ಕೊಳ್ಳುವ ಬಿಸ್ಕತ್ತಿಗೆ ಯಾವ ಜಿಡ್ಡು ಹಾಕಿದ್ದಾರೆಂದು ತಿಳಿಯುವುದು ಕಷ್ಟ.

ಹಾಲೆಂಡಿನ ತೆಳು ಸಕ್ಕರೆ ಬಿಸ್ಕತ್ತಿಗೆ ಬೆಣ್ಣೆಯೇ ಆಧಾರ. ಎಣ್ಣೆ ಗಿರಣಿಗಳಿಗೆ ಹೆಸರಾದ ಚಳ್ಳಕೆರೆಯಲ್ಲಿ ಶೇಂಗಾ ಎಣ್ಣೆಯಿಂದಲೇ ಅಂಥದನ್ನು ಮಾಡಬಹುದು. ಬೆಣ್ಣೆಗಿಂತ ಇದರಲ್ಲಿ ಸ್ಯಾಚುರೇಟೆಡ್ ಕೊಬ್ಬು ಬಹಳ ಕಡಿಮೆ.

ಮಾಡುವ ವಿಧಾನ: 100 ಗ್ರಾಂ ಮೈದಾ, 40 ಗ್ರಾಂ ಸಕ್ಕರೆ ಪುಡಿ, ಚಿಟಿಕೆ ಉಪ್ಪು, ಏಲಕ್ಕಿ ಪುಡಿ ಬೆರೆಸಿ, 40 ಗ್ರಾಂ ಶೇಂಗಾ ಎಣ್ಣೆ ಹಾಕಿ ಉಜ್ಜಿ. ಹಿಟ್ಟು ಕೂಡಿಕೊಳ್ಳಲು ಬೇಕಾದಷ್ಟೇ ಹಾಲು ಚಿಮುಕಿಸಿ. 3 ಮಿ.ಮೀ. ದಪ್ಪಕ್ಕೆ ಲಟ್ಟಿಸಿ, ಸಣ್ಣ ಬಿಲ್ಲೆಗಳಾಗಿ ಕತ್ತರಿಸಿ. ಓವನ್ನಿನಲ್ಲಿ 170 ಡಿಗ್ರಿ ಸೆಲ್ಸಿಯಸ್‌ನಲ್ಲಿ 12ರಿಂದ 15 ನಿಮಿಷ ಬೇಯಿಸಿ. ಓವನ್ ಇಲ್ಲವೇ? ದಪ್ಪ ತಳದ ಪಾತ್ರೆಯಲ್ಲಿ ಉಪ್ಪು ಹರಡಿ, ಮುಚ್ಚಿ 10 ನಿಮಿಷ ಕಾಯಿಸಿ. ಒಳಗೆ ಸ್ಟ್ಯಾಂಡಿನ ಮೇಲೆ ತಟ್ಟೆಯಿಟ್ಟು ಸಣ್ಣ ಉರಿಯಲ್ಲಿ ಸುಮಾರು 20 ನಿಮಿಷ ಬೇಯಿಸಿ. ಅಂಚು ಹೊಂಬಣ್ಣಕ್ಕೆ ತಿರುಗಿದರೆ ಸಾಕು. ಬಿಸಿಯಲ್ಲಿ ಮೆತ್ತಗಿದ್ದರೂ ಆರಿದ ಮೇಲೆ ಗರಿಗರಿಯಾಗುತ್ತದೆ. ಪೂರ್ತಿ ಆರಿದ ನಂತರವೇ ಡಬ್ಬಿಗೆ ತುಂಬಿ.

ಈ ಅಳತೆಗೆ ಸುಮಾರು 25 ಬಿಸ್ಕತ್ತು ಬರುತ್ತವೆ. ಒಂದರಲ್ಲಿ ಸಕ್ಕರೆ ಒಂದೂವರೆ ಗ್ರಾಂ ಚಿಲ್ಲರೆ. ಎರಡು ತಿಂದರೆ ಚಿಂತೆಯಿಲ್ಲ, ಹತ್ತು ತಿಂದರೆ ತೆಳ್ಳಗೆ ಮಾಡಿದ್ದೇ ವ್ಯರ್ಥ. ಮಧುಮೇಹಿಗಳು ವೈದ್ಯರು ಹೇಳಿದ ಪಥ್ಯದ ಲೆಕ್ಕದಲ್ಲೇ ತಿನ್ನಬೇಕು. ಶೇಂಗಾ ಒಗ್ಗದವರಿಗೆ ಇದು ಬೇಡ. ಮನೆಯದೆಂದು ಕೈ ಸಡಿಲಬಿಡಬೇಡಿ.