ಪೇಡೆಯ ತಟ್ಟೆಯಲ್ಲಿ ವರ್ಗಮೂಲ

ಮಕ್ಕಳಿಗೆ ಗಣಿತವು ಕಬ್ಬಿಣದ ಕಡಲೆಯೆನಿಸತೊಡಗುವ ಪಾಠಗಳಲ್ಲಿ ವರ್ಗಮೂಲವೂ ಒಂದು. ಅಂಕಿಗಳನ್ನು ಎರಡೆರಡಾಗಿ ವಿಂಗಡಿಸಿ ಭಾಗಿಸುವ ಕ್ರಮವನ್ನು ಮಗು ಬಾಯಿಪಾಠ ಮಾಡುತ್ತದೆ. ಪರೀಕ್ಷೆ ಮುಗಿದೊಡನೆ ಮರೆಯುತ್ತದೆ. ವರ್ಗಮೂಲವೆಂದರೆ ಚೌಕದ ಒಂದು ಬದಿ ಎಂಬ ಸರಳ ಅರ್ಥ ಮನಸ್ಸಿಗೆ ಇಳಿಯದಿರುವುದೇ ಇದಕ್ಕೆ ಮುಖ್ಯ ಕಾರಣ.

ಧಾರವಾಡ ಪೇಡೆಯನ್ನೇ ಉದಾಹರಣೆಯಾಗಿ ತೆಗೆದುಕೊಳ್ಳಬಹುದು. 36 ಪೇಡೆಗಳನ್ನು ತಟ್ಟೆಯಲ್ಲಿ ಚೌಕಾಕಾರವಾಗಿ ಜೋಡಿಸಿದರೆ ಪ್ರತಿ ಸಾಲಿನಲ್ಲಿ ಎಷ್ಟಿರುತ್ತವೆ? ಮೂಲೆಯಲ್ಲಿ ಒಂದನ್ನಿಟ್ಟು, ಅದರ ಎರಡು ಬದಿಗಳನ್ನು ಬಳಸುವಂತೆ 3, ಬಳಿಕ 5, 7, 9, 11 ಎಂದು ಸೇರಿಸುತ್ತ ಹೋದಂತೆ ಚೌಕವು ಒಂದೊಂದು ಸಾಲು ಬೆಳೆಯುತ್ತದೆ. ಆರನೆಯ ಸಲಕ್ಕೆ ಪೇಡೆಗಳು ಮುಗಿಯುತ್ತವೆ. ಆದ್ದರಿಂದ 36ರ ವರ್ಗಮೂಲ 6. ಪೇಡೆಗಳು 40 ಇದ್ದರೆ ನಾಲ್ಕು ಉಳಿಯುತ್ತವೆ. 40 ಪೂರ್ಣ ವರ್ಗವಲ್ಲವೆಂಬುದು ಕಣ್ಣಿಗೇ ಕಾಣುತ್ತದೆ.

ನಿವೇಶನದ ಲೆಕ್ಕ

ಪೂರ್ಣ ವರ್ಗವಲ್ಲದ ಸಂಖ್ಯೆಗಳ ಲೆಕ್ಕವೂ ಮನೆಯ ಅಂಗಳದಲ್ಲೇ ಸಿಗುತ್ತದೆ. 30x40 ಅಡಿ ನಿವೇಶನ ಹುಬ್ಬಳ್ಳಿ-ಧಾರವಾಡದವರಿಗೆಲ್ಲ ಪರಿಚಿತ. ಅದರ ವಿಸ್ತೀರ್ಣ 1200 ಚದರ ಅಡಿ. ಅಷ್ಟೇ ವಿಸ್ತೀರ್ಣದ ಚೌಕ ನಿವೇಶನದ ಬದಿ ಎಷ್ಟು? 34ರ ವರ್ಗ 1156, 35ರ ವರ್ಗ 1225. ಉತ್ತರ ಇವೆರಡರ ನಡುವೆ ಇದೆ. ಅಗಲ 35 ಅಡಿಯಾದರೆ ಉದ್ದ ಸುಮಾರು 34.29 ಅಡಿ ಇರಬೇಕು. ಇವೆರಡರ ಸರಾಸರಿ 34.64, ಇದೇ ಬೇಕಾದ ಉತ್ತರಕ್ಕೆ ಅತಿ ಸಮೀಪದ ಬೆಲೆ. ಆಯತದ ಸುತ್ತಳತೆ 140 ಅಡಿಯಾದರೆ ಚೌಕದ್ದು ಸುಮಾರು 138.6 ಅಡಿ. ಕಾಂಪೌಂಡ್ ಗೋಡೆಯಲ್ಲಿ ಒಂದೂವರೆ ಅಡಿಯಷ್ಟು ಉಳಿತಾಯ!

ಮಹಾವೀರಾಚಾರ್ಯನ ಒಂಟೆಗಳು

ಲೆಕ್ಕವನ್ನು ಕತೆಯಾಗಿಸುವ ಈ ಕ್ರಮ ಕನ್ನಡ ನಾಡಿಗೆ ಹೊಸತಲ್ಲ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿ, 9ನೇ ಶತಮಾನದಲ್ಲಿ, ಮಹಾವೀರಾಚಾರ್ಯನು ಸಂಸ್ಕೃತದಲ್ಲಿ ರಚಿಸಿದ 'ಗಣಿತಸಾರಸಂಗ್ರಹ'ದಲ್ಲಿ ಇಂತಹ ಅನೇಕ ಸಮಸ್ಯೆಗಳಿವೆ. ಅವುಗಳಲ್ಲೊಂದರ ಸಾರ ಇದು: ಒಂಟೆಗಳ ಹಿಂಡಿನ ಕಾಲು ಭಾಗ ಕಾಡಿನಲ್ಲಿದೆ, ಒಟ್ಟು ಸಂಖ್ಯೆಯ ವರ್ಗಮೂಲದ ಎರಡರಷ್ಟು ಬೆಟ್ಟಕ್ಕೆ ಹೋಗಿವೆ, 15 ಒಂಟೆಗಳು ನದಿಯ ದಡದಲ್ಲಿವೆ. ಒಟ್ಟು ಎಷ್ಟು?

ಬೀಜಗಣಿತ ಕಲಿಯದ ಮಗುವೂ ಇದನ್ನು ಬಿಡಿಸಬಲ್ಲದು. ಉತ್ತರವು ಪೂರ್ಣ ವರ್ಗವಾಗಿರಬೇಕು, ನಾಲ್ಕರಿಂದ ಭಾಗವಾಗಬೇಕು. 16 ಎಂದುಕೊಂಡರೆ 4, 8, 15 ಸೇರಿ 27, ಹೊಂದದು. 36 ಎಂದುಕೊಂಡರೆ 9, 12, 15 ಸೇರಿ 36, ಸರಿಹೊಂದಿತು.

ಋಣ ಸಂಖ್ಯೆಯು ಸ್ವಭಾವತಃ ವರ್ಗವಾಗಲಾರದು, ಆದ್ದರಿಂದ ಅದಕ್ಕೆ ವರ್ಗಮೂಲವಿಲ್ಲ ಎಂದೂ ಆತ ಅದೇ ಗ್ರಂಥದಲ್ಲಿ ಹೇಳಿದ್ದಾನೆ. ಪೇಡೆಗಳೇ ಇಲ್ಲದ ತಟ್ಟೆಗಿಂತಲೂ ಕಡಿಮೆ ಪೇಡೆಗಳಿಂದ ಚೌಕ ಕಟ್ಟಲಾದೀತೆ ಎಂದು ಕೇಳಿದರೆ ಮಗುವಿಗೂ ಇದು ತಿಳಿಯುತ್ತದೆ.

ಇಂದು ಮೊಬೈಲ್ ಫೋನು ಕ್ಷಣದಲ್ಲಿ ವರ್ಗಮೂಲವನ್ನು ಹೇಳಿಬಿಡುತ್ತದೆ. ಆದರೆ ಒತ್ತಿದ ಅಂಕಿ ತಪ್ಪಿ 34.64ರ ಬದಲು 346.4 ಬಂದಾಗ, ಅದು ತಪ್ಪೆಂದು ಗುರುತಿಸಬೇಕಾದುದು ಮನಸ್ಸು. ತಟ್ಟೆಯಲ್ಲಿ ಚೌಕ ಕಟ್ಟಿ ಕಲಿತ ಮಗು ಅದನ್ನು ಗುರುತಿಸುತ್ತದೆ.