ಒಲ್ಲೆ ಎಂದ ಮುದಗಲ್ಲಿನ ಪತ್ತಾರರ ಮಗಳು

ಲಿಂಗಸುಗೂರು ತಾಲ್ಲೂಕಿನ ಮುದಗಲ್ಲಿನಲ್ಲಿ ಒಬ್ಬ ಅಕ್ಕಸಾಲಿಗನಿದ್ದ. ಈ ಸೀಮೆಯ ಮಾತಿನಲ್ಲಿ ಪತ್ತಾರ. ಅವನಿಗೊಬ್ಬ ಮಗಳಿದ್ದಳು. ಅವಳ ಸಲುವಾಗಿ ವಿಜಯನಗರದ ರಾಯನಿಗೂ ಕಲಬುರ್ಗಿಯ ಸುಲ್ತಾನನಿಗೂ ಯುದ್ಧ ಹತ್ತಿಕೊಂಡಿತು. 1406ರ ಆ ಕಾಳಗ ಇತಿಹಾಸದ ಪುಸ್ತಕಗಳಲ್ಲಿ ‘ಅಕ್ಕಸಾಲಿಗನ ಮಗಳ ಯುದ್ಧ’ ಎಂದೇ ಹೆಸರಾಗಿ ಕೂತಿದೆ. ಆರು ನೂರು ವರ್ಷಗಳಿಂದ ಆ ಹುಡುಗಿಯ ತಲೆಯ ಮೇಲೆ ಒಂದು ಯುದ್ಧದ ಹೊರೆ ಇದೆ. ಅದನ್ನು ಹೊರಿಸಿದವರು ಯಾರು, ಹೇಗೆ ಹೊರಿಸಿದರು ಎಂದು ನೋಡಬೇಕಾಗಿದೆ.

ಕಥೆ ಹೀಗಿದೆ. ಕಾಶಿಯಾತ್ರೆ ಮುಗಿಸಿ ವಿಜಯನಗರಕ್ಕೆ ಮರಳುತ್ತಿದ್ದ ಬ್ರಾಹ್ಮಣನೊಬ್ಬ ಮುದಗಲ್ಲಿನ ಆ ಪತ್ತಾರರ ಮನೆಯಲ್ಲಿ ಇಳಿದುಕೊಂಡ. ಮನೆಯ ಮಗಳು ಪರ್ತಾಲ್. ಹೊರಡುವುದನ್ನು ಮರೆತು ಒಂದೂವರೆ ವರ್ಷ ಅಲ್ಲಿಯೇ ನಿಂತು ಅವಳಿಗೆ ಸಂಗೀತ ಕಲಿಸಿದ. ಆಮೇಲೆ ವಿಜಯನಗರಕ್ಕೆ ಹೋಗಿ ದೇವರಾಯನ ಮುಂದೆ ಅವಳನ್ನು ಬಣ್ಣಿಸಿದ. ಇದು ಒಂದನೆಯ ದೇವರಾಯ. ರಾಯ ಅದೇ ಬ್ರಾಹ್ಮಣನ ಕೈಯಲ್ಲಿ ಒಡವೆ, ಉಡುಗೊರೆ ಕೊಟ್ಟು ಹೆಣ್ಣು ಕೇಳಲು ಕಳಿಸಿದ. ತಾಯಿ ತಂದೆ ಹಿಗ್ಗಿ ಒಪ್ಪಿದರು. ಮಗಳ ಕೊರಳಿಗೆ ಸರ ಹಾಕಿದರೆ ಮಾತು ಮುಗಿದಂತೆ. ಪರ್ತಾಲ್ ಕೊರಳು ಕೊಡಲಿಲ್ಲ. ರಾಯನ ಅಂತಃಪುರ ಹೊಕ್ಕ ಹೆಣ್ಣು ಮತ್ತೆ ಹೆತ್ತವರ ಮುಖ ಕಾಣುವುದಿಲ್ಲ, ನಾನು ಒಲ್ಲೆ ಎಂದಳು. ಬ್ರಾಹ್ಮಣ ಹೋದ ಮೇಲೆ, ತಾನು ಮುಸಲ್ಮಾನ ರಾಜಕುಮಾರನೊಬ್ಬನ ಕೈ ಹಿಡಿಯುವವಳೆಂದು ತನ್ನ ಮನಸ್ಸು ಮೊದಲಿನಿಂದಲೂ ಹೇಳುತ್ತಿದೆ ಎಂದು ಹೆತ್ತವರಿಗೆ ತಿಳಿಸಿದಳಂತೆ.

ಮುದಗಲ್ ಆಗ ಕಲಬುರ್ಗಿಯ ಬಹಮನಿ ಸುಲ್ತಾನರ ಕೈಯಲ್ಲಿತ್ತು. ದೇವರಾಯ ತುಂಗಭದ್ರೆ ದಾಟಿ 5,000 ಕುದುರೆ ಸವಾರರನ್ನು ಮುದಗಲ್ಲಿನ ಮೇಲೆ ಬಿಟ್ಟ. ಸೈನ್ಯ ಬರುತ್ತಿದೆ ಎಂಬ ಸುದ್ದಿಗೆ ಊರು ಊರೇ ಗುಳೆ ಎದ್ದಿತು. ಗುಳೆ ಹೋದವರಲ್ಲಿ ಪರ್ತಾಲಳ ಮನೆಯವರೂ ಸೇರಿದ್ದರು. ಹುಡುಗಿ ಸಿಗದ ಸಿಟ್ಟಿಗೆ ಸವಾರರು ಸುತ್ತಲಿನ ಹಳ್ಳಿಗಳನ್ನು ಸುಲಿದರು. ಬಹಮನಿ ಅಧಿಕಾರಿ ಫೌಲಾದ್ ಖಾನ್ ಅವರನ್ನು ಹೊಡೆದೋಡಿಸಿದ. ಆ ಚಳಿಗಾಲದಲ್ಲೇ ಸುಲ್ತಾನ ಫಿರೋಜ್ ಷಾ ವಿಜಯನಗರದ ಬಾಗಿಲಿಗೆ ಹೋಗಿ ನಿಂತ. ಕೊನೆಗೆ ಒಪ್ಪಂದವಾಯಿತು. ದೇವರಾಯ ತನ್ನ ಮಗಳನ್ನು ಫಿರೋಜನಿಗೆ ಕೊಟ್ಟ. ಬಂಕಾಪುರದ ಕೋಟೆ ಬಳುವಳಿ. ಹತ್ತು ಲಕ್ಷ ಹೊನ್ನು, ಮುತ್ತು, 50 ಆನೆ, ಹಾಡು ಕುಣಿತ ಬಲ್ಲ 2,000 ಹುಡುಗ ಹುಡುಗಿಯರು ದಂಡ. ಪರ್ತಾಲಳನ್ನು ಹುಡುಕಿ ತರಿಸಿ ಫಿರೋಜನ ಮಗ ಹಸನ್ ಖಾನನಿಗೆ ಮದುವೆ ಮಾಡಿದರು. ಹುಡುಗಿಯ ಮನಸ್ಸಿನ ಮಾತು ನಿಜವಾಯಿತು ಎಂದು ಕಥೆ ಮುಗಿಯುತ್ತದೆ.

ಇದನ್ನು ಹೀಗೆ ಬರೆದಿಟ್ಟವನು ಮುಹಮ್ಮದ್ ಕಾಸಿಂ ಫಿರಿಷ್ತಾ. ಕ್ಯಾಸ್ಪಿಯನ್ ಕಡಲ ದಂಡೆಯ ಅಸ್ತ್ರಾಬಾದಿನಲ್ಲಿ ಹುಟ್ಟಿ, ಅಹಮದ್‌ನಗರದಲ್ಲಿ ಬೆಳೆದು, 1589ರಲ್ಲಿ ಬಿಜಾಪುರದ ಆಸ್ಥಾನ ಸೇರಿದ ಇತಿಹಾಸಕಾರ. ಅವನ ಗ್ರಂಥ ರೂಪುಗೊಂಡದ್ದು 1606ರ ಆಸುಪಾಸಿನಲ್ಲಿ, ಎಂದರೆ ಯುದ್ಧ ನಡೆದು ಎರಡು ನೂರು ವರ್ಷಗಳ ನಂತರ. ಅದರ ಇಂಗ್ಲಿಷ್ ಅನುವಾದಗಳಿಂದ ಈ ಕಥೆಯನ್ನು ಎತ್ತಿಕೊಂಡು 1900ರಲ್ಲಿ ರಾಬರ್ಟ್ ಸಿವೆಲ್ ವಿಜಯನಗರದ ಮೇಲಿನ ತನ್ನ ಪ್ರಸಿದ್ಧ ಪುಸ್ತಕದಲ್ಲಿ ವಿವರವಾಗಿ ಹೇಳಿದ. ಅಲ್ಲಿಂದ ಮುಂದೆ ಪಠ್ಯಪುಸ್ತಕ, ಪ್ರವಾಸಿ ಕೈಪಿಡಿ, ಪತ್ರಿಕೆಗಳಿಗೆ ಅದು ಹರಡಿತು.

ಕಾಲದ ಲೆಕ್ಕವನ್ನೇ ಮೊದಲು ಹಿಡಿಯೋಣ. ಒಂದನೆಯ ದೇವರಾಯ ಪಟ್ಟಕ್ಕೆ ಬಂದದ್ದು 1406ರ ನವೆಂಬರ್ ತಿಂಗಳಲ್ಲಿ. ಫಿರೋಜ್ ದಂಡೆತ್ತಿ ಹೊರಟದ್ದು ಅದೇ ಚಳಿಗಾಲದ ಆರಂಭದಲ್ಲಿ. ಹೆಣ್ಣಿನ ಸುದ್ದಿ ಕೇಳುವುದು, ಉಡುಗೊರೆ ಕಳಿಸುವುದು, ಅವಳು ಒಲ್ಲೆ ಎನ್ನುವುದು, ಸೈನ್ಯ ಕೂಡಿಸಿ ಮುದಗಲ್ಲಿಗೆ ನುಗ್ಗುವುದು, ಸುಲ್ತಾನನಿಗೆ ಸುದ್ದಿ ಮುಟ್ಟುವುದು, ಇಷ್ಟೂ ಕೆಲವೇ ವಾರಗಳಲ್ಲಿ ಆಗಿಹೋಗಬೇಕು. ಪಟ್ಟವೇರಿದ ದಿನದಿಂದ ರಾಯನಿಗೆ ಇದೊಂದೇ ಕೆಲಸವಾಗಿತ್ತು ಎಂದರೂ ನಂಬುವುದು ಕಷ್ಟ.

ಇನ್ನೊಂದು ಸಂಗತಿ ನನ್ನನ್ನು ಹೆಚ್ಚು ಕಾಡುತ್ತದೆ. ಫಿರಿಷ್ತಾ ಹೇಳುವ ಈ ಗಡಿಯ ಯುದ್ಧಗಳಲ್ಲಿ ಮತ್ತೆ ಮತ್ತೆ ಹಾಡು ಕೇಳಿಸುತ್ತದೆ. 1366ರ ಯುದ್ಧಕ್ಕೆ ಕಾರಣ ದೆಹಲಿಯಿಂದ ಬಂದ 300 ಹಾಡುಗಾರರು: ಅವರ ಗಾಯನಕ್ಕೆ ಮೆಚ್ಚಿದ ಸುಲ್ತಾನ ಮುಹಮ್ಮದ್ ಷಾ, ಅವರ ಸಂಭಾವನೆಯನ್ನು ವಿಜಯನಗರದ ಖಜಾನೆಯಿಂದ ಕೊಡಬೇಕೆಂದು ಚೀಟಿ ಬರೆದನಂತೆ, ಬುಕ್ಕರಾಯ ಚೀಟಿ ತಂದವನನ್ನು ಕತ್ತೆಯ ಮೇಲೆ ಕೂರಿಸಿ ಮೆರವಣಿಗೆ ಮಾಡಿದನಂತೆ. 1398ರಲ್ಲಿ ಕೃಷ್ಣೆಯ ದಂಡೆಯಲ್ಲಿ ಬೀಡುಬಿಟ್ಟಿದ್ದ ವಿಜಯನಗರದ ಪಾಳೆಯಕ್ಕೆ ಸಿರಾಜ್ ಎಂಬ ಕಾಜಿ ಕುಣಿತದವರ ಮೇಳದೊಡನೆ ಹೆಣ್ಣುವೇಷದಲ್ಲಿ ನುಸುಳಿ, ಕಠಾರಿ ಹಿಡಿದು ಕುಣಿಯುತ್ತಲೇ ರಾಜಕುಮಾರನನ್ನು ಇರಿದ. 1406ಕ್ಕೆ ಪರ್ತಾಲಳ ಸಂಗೀತ. ಮೂರು ಯುದ್ಧ, ಮೂರು ಹಾಡು.

ಫಿರಿಷ್ತಾ ಬರೆದದ್ದು ಇಮ್ಮಡಿ ಇಬ್ರಾಹಿಂ ಆದಿಲ್ ಷಾನ ಆಶ್ರಯದಲ್ಲಿ. ಸಂಗೀತದ ಹುಚ್ಚಿನಲ್ಲಿ ‘ಕಿತಾಬ್-ಎ-ನವರಸ್’ ರಚಿಸಿದ, ನವರಸಪುರ ಎಂಬ ಊರನ್ನೇ ಕಟ್ಟಿಸಿದ, ಜಗದ್ಗುರು ಬಾದಷಹ ಎನಿಸಿಕೊಂಡ ದೊರೆ ಆತ. ಅಂಥ ದೊರೆಗೆ ಯುದ್ಧದ ಕಥೆ ಹೇಳುವವನು ಸ್ವರ ಸೇರಿಸಿ ಹೇಳಿದ್ದರಲ್ಲಿ ಆಶ್ಚರ್ಯವಿಲ್ಲ. ಫಿರಿಷ್ತಾ ಸುಳ್ಳುಗಾರ ಎಂದು ನಾನು ಹೇಳುತ್ತಿಲ್ಲ. ದಖ್ಖನಿನ ಆ ಕಾಲ ನಮಗೆ ಇಷ್ಟಾದರೂ ಕಾಣುವುದು ಅವನ ಶ್ರಮದಿಂದ. ಆದರೆ ಯುದ್ಧದ ಕಾರಣವನ್ನು ಅವನು ಆಸ್ಥಾನದ ಕಿವಿಯಿಂದ ಕೇಳಿದ. ನೆಲದ ಕಾರಣ ಅಲ್ಲಿಗೆ ಕೇಳಿಸಲಿಲ್ಲ.

ನೆಲದ ಕಾರಣ ಕಾಣಲು ಹೆಚ್ಚು ದೂರ ಹೋಗಬೇಕಿಲ್ಲ. ಮೇಲೆ ಕೃಷ್ಣೆ, ಕೆಳಗೆ ತುಂಗಭದ್ರೆ, ನಡುವೆ ಎಡೆದೊರೆ ನಾಡು. ಜೋಳ, ಹತ್ತಿ ಬೆಳೆಯುವ ಎರೆ ಭೂಮಿ. ಲಿಂಗಸುಗೂರು ತಾಲ್ಲೂಕಿನ ಹಟ್ಟಿಯಲ್ಲಿ ನೆಲದಡಿ ಚಿನ್ನ; ಇಂದಿನ ಗಣಿ ಶುರುವಾಗುವ ಎಷ್ಟೋ ಶತಮಾನ ಮೊದಲೇ ಅಲ್ಲಿ ನೂರಾರು ಅಡಿ ಆಳಕ್ಕೆ ಅಗೆದವರಿದ್ದರು. 1915ರಲ್ಲಿ ಮಸ್ಕಿಯ ಬಂಡೆಯ ಮೇಲೆ ಅಶೋಕನ ಶಾಸನವನ್ನು ಕಂಡ ಬೀಡನ್ ಎಂಬಾತ ಇತಿಹಾಸಕಾರನಲ್ಲ, ನಿಜಾಮ ಸೀಮೆಯಲ್ಲಿ ಚಿನ್ನ ಹುಡುಕುತ್ತಿದ್ದ ಗಣಿ ಎಂಜಿನಿಯರ್. ಎಲ್ಲಕ್ಕಿಂತ ದೊಡ್ಡದು ಈ ನೆಲ ಇರುವ ಜಾಗ. ಹಂಪಿಯಲ್ಲಿ ನಿಂತು ಹೊಳೆಯ ಆಚೆ ದಂಡೆ ನೋಡಿದರೆ ಅದು ಎಡೆದೊರೆಯ ಅಂಚು. ಮುದಗಲ್ಲಿನಲ್ಲೂ ರಾಯಚೂರಿನಲ್ಲೂ ಸುಲ್ತಾನನ ಸೈನ್ಯವಿದ್ದರೆ ವಿಜಯನಗರಕ್ಕೆ ನಿದ್ದೆಯಿಲ್ಲ. ರಾಯನ ಸೈನ್ಯವಿದ್ದರೆ ಕಲಬುರ್ಗಿಗೆ, ಆಮೇಲೆ ಬಿಜಾಪುರಕ್ಕೆ ನಿದ್ದೆಯಿಲ್ಲ. ವಿಜಯನಗರ ಹುಟ್ಟುವ ಮೂರು ನೂರು ವರ್ಷ ಮೊದಲೂ ಇದೇ ಕಥೆ. ರಾಜೇಂದ್ರ ಚೋಳ, ಚಾಲುಕ್ಯರ ಇಮ್ಮಡಿ ಜಯಸಿಂಹನನ್ನು ಮುಶಂಗಿಯಲ್ಲಿ ಸೋಲಿಸಿದೆನೆಂದು ಶಾಸನ ಬರೆಸಿದ. ಆ ಮುಶಂಗಿಯನ್ನು ವಿದ್ವಾಂಸರು ಮಸ್ಕಿ ಎಂದು ಗುರುತಿಸಿದ್ದಾರೆ. ಅಲ್ಲಿ ಯಾವ ಪತ್ತಾರರ ಮಗಳೂ ಇರಲಿಲ್ಲ.

ಮುದಗಲ್ಲಿನ ಚರಿತ್ರೆಯಲ್ಲಿ ಮರೆಯಬಾರದ ಮುತ್ತಿಗೆ 1366ರದ್ದು. ಬುಕ್ಕರಾಯ ತುಂಗಭದ್ರೆ ದಾಟಿ ಬಂದು ಕೋಟೆ ಹಿಡಿದ. ಒಳಗಿದ್ದವರನ್ನು ಹೆಂಗಸು ಮಕ್ಕಳೆನ್ನದೆ ಕೊಲ್ಲಲಾಯಿತು, ಸುದ್ದಿ ಹೇಳಲು ಒಬ್ಬನೇ ಒಬ್ಬ ಉಳಿದು ಕಲಬುರ್ಗಿಗೆ ಓಡಿದ ಎನ್ನುತ್ತಾನೆ ಫಿರಿಷ್ತಾ. ಇಷ್ಟು ಜನ ಸತ್ತಿರುವಾಗ ನೀನು ಹೇಗೆ ಬದುಕಿ ಬಂದೆ ಎಂದು ಸುಲ್ತಾನ ಆ ಒಬ್ಬನನ್ನೂ ಕೊಲ್ಲಿಸಿದ. ಲಕ್ಷ ಜನರ ತಲೆ ತೆಗೆಯುವವರೆಗೆ ಕತ್ತಿ ಒರೆಗೆ ಹಾಕುವುದಿಲ್ಲ ಎಂದು ಆಣೆ ಇಟ್ಟು ಹೊರಟ. ಸೇಡಿನಲ್ಲಿ ಅವನೂ ಹೆಂಗಸು ಮಕ್ಕಳನ್ನು ಬಿಡಲಿಲ್ಲ. ಕೊನೆಗೆ ಎರಡೂ ಕಡೆಯವರಿಗೆ ಹೇಸಿಕೆ ಹುಟ್ಟಿ, ಇನ್ನು ಮುಂದೆ ಆಯುಧ ಹಿಡಿಯದವರನ್ನು ಕೊಲ್ಲಕೂಡದು ಎಂಬ ಮಾತಾಯಿತು. ಸಂಖ್ಯೆಗಳಲ್ಲಿ ಅತಿಶಯವಿರಬಹುದು. ಆದರೆ ಇಂಥ ಒಪ್ಪಂದ ಬೇಕೆನಿಸುವಷ್ಟು ರಕ್ತ ಹರಿಯಿತು ಎನ್ನುವುದರಲ್ಲಿ ಅನುಮಾನವಿಲ್ಲ. ಪರ್ತಾಲಳ ಕಥೆಗೆ 40 ವರ್ಷ ಮೊದಲೇ ಮುದಗಲ್ ಇಷ್ಟನ್ನು ಉಂಡಿತ್ತು. ಸೈನ್ಯ ಬರುತ್ತದೆ ಎಂದ ಕೂಡಲೇ 1406ರಲ್ಲಿ ಊರು ಯಾಕೆ ಖಾಲಿಯಾಯಿತು ಎನ್ನುವುದಕ್ಕೆ ಬೇರೆ ಉತ್ತರ ಬೇಕಿಲ್ಲ.

1443ರಲ್ಲಿ ಇಮ್ಮಡಿ ದೇವರಾಯ ಮುದಗಲ್ ಹಿಡಿದ, ಉಳಿಸಿಕೊಳ್ಳಲಾಗಲಿಲ್ಲ. ಬಹಮನಿ ರಾಜ್ಯ ಒಡೆದ ಮೇಲೆ ಈ ನೆಲ ಬಿಜಾಪುರದ ಪಾಲಾಯಿತು. ಮುಂದಿನ ದೊಡ್ಡ ಮುತ್ತಿಗೆ 1520ರದ್ದು, ರಾಯಚೂರಿನಲ್ಲಿ. ಇಲ್ಲಿ ನಮಗೆ ಬೇರೆ ಕಣ್ಣು ಸಿಗುತ್ತದೆ: ಫರ್ನಾವೊ ನೂನಿಜ್ ಎಂಬ ಪೋರ್ಚುಗೀಸ್ ಕುದುರೆ ವ್ಯಾಪಾರಿಯದು. ವ್ಯಾಪಾರಿಯಾದ್ದರಿಂದ ಅವನಿಗೆ ಲೆಕ್ಕ ಕಾಣುತ್ತದೆ. ಯುದ್ಧದ ನೆಪವೂ ಅವನ ಬರಹದಲ್ಲಿ ಕುದುರೆಯೇ. ಗೋವೆಯಲ್ಲಿ ಕುದುರೆ ಕೊಳ್ಳಲು ಕೃಷ್ಣದೇವರಾಯ ಕೊಟ್ಟ ಹಣದೊಡನೆ ಒಬ್ಬ ಬಿಜಾಪುರದ ಸೀಮೆಗೆ ಓಡಿಹೋದ. ರಾಯಚೂರಿನ ಗೋಡೆ ಕೆಡವುವ ಕೆಲಸವನ್ನು ನೂನಿಜ್ ವಿವರಿಸುವ ರೀತಿ ಬೇರೆಲ್ಲೂ ಸಿಗದು. ಮೇಲಿಂದ ಗುಂಡು, ಬಾಣ ಸುರಿಯುತ್ತಿರುವಾಗ ಕೋಟೆಯ ಬುಡಕ್ಕೆ ಹೋಗಿ ಕಲ್ಲು ಕಿತ್ತು ತಂದವರಿಗೆ ಸೇನಾನಾಯಕರು ಕಲ್ಲಿನ ಗಾತ್ರ ನೋಡಿ 10, 20, ಕೆಲವಕ್ಕೆ 50 ಹಣದವರೆಗೆ ಕೊಟ್ಟರು. ಸೈನಿಕನ ಜೀವಕ್ಕೆ ಕಲ್ಲಿನ ಬೆಲೆ ಕಟ್ಟಿದ್ದು ಕಾಣುವುದು ಈ ಒಂದು ಸಾಲಿನಲ್ಲಿ.

ಬಿಜಾಪುರದ ಸುಲ್ತಾನ ಇಸ್ಮಾಯಿಲ್ ಆದಿಲ್ ಷಾ ಕೃಷ್ಣೆ ದಾಟಿ ಬಂದ. ಮೇ 19ರಂದು ನಡೆದ ಕಾಳಗದಲ್ಲಿ ಅವನ ಫಿರಂಗಿಗಳ ಹೊಡೆತಕ್ಕೆ ವಿಜಯನಗರದ ಮುಂಚೂಣಿ ಮೊದಲು ಚದುರಿತು. ಕೃಷ್ಣದೇವರಾಯ ಬೆರಳಿನ ಉಂಗುರ ಬಿಚ್ಚಿ, ಸತ್ತರೆ ರಾಣಿಯರಿಗೆ ಗುರುತಾಗಲಿ ಎಂದು ಸೇವಕನ ಕೈಗಿತ್ತು ತಾನೇ ಮುಂದೆ ನಡೆದ. ಗೆದ್ದ. ಕೋಟೆ ಮಾತ್ರ ಇನ್ನೂ ಬಿದ್ದಿರಲಿಲ್ಲ. ಕ್ರಿಸ್ಟೊವಾವೊ ಡಿ ಫಿಗೆರೆಡೊ ಎಂಬ ಪೋರ್ಚುಗೀಸನೂ ಅವನ ಕೋವಿಕಾರರೂ ಗೋಡೆಯ ಮೇಲೆ ತಲೆ ಎತ್ತಿದವರನ್ನು ಹೊಡೆಯತೊಡಗಿದರು. ಕೋಟೆಯ ನಾಯಕನ ಹಣೆಗೆ ಗುಂಡು ತಗುಲಿದ ಮೇಲೆ ಬಾಗಿಲು ತೆರೆಯಿತು. ಶರಣಾದವರನ್ನು ಲೂಟಿ ಮಾಡಕೂಡದೆಂದು ರಾಯ ಕಟ್ಟಪ್ಪಣೆ ಮಾಡಿದ. ಆದಿಲ್ ಷಾ ಬಂದು ಕಾಲಿಗೆರಗಲಿ ಎಂದು ಅವನು ಕಾಯಲು ಬಂದದ್ದು ಮುದಗಲ್ಲಿಗೆ. ಆದಿಲ್ ಷಾ ಬರಲಿಲ್ಲ. ಆ ಕಾಯುವಿಕೆಯ ಅಹಂಕಾರ ಮುಂದೆ 1565ರಲ್ಲಿ ಸುಲ್ತಾನರೆಲ್ಲ ಒಂದಾಗಲು ಒಂದು ಬೀಜವಾಯಿತು ಎಂಬುದು ನನ್ನ ಎಣಿಕೆ. ತಾಳಿಕೋಟೆಯ ಯುದ್ಧಕ್ಕೆ ಮೊದಲು ಅಲಿ ಆದಿಲ್ ಷಾ ಮರಳಿ ಕೇಳಿದ ಕೋಟೆಗಳಲ್ಲಿ ಮುದಗಲ್, ರಾಯಚೂರು ಎರಡೂ ಇದ್ದವು.

ಆಮೇಲಿನದು ಬೇಗ ಹೇಳಬಹುದು. ಆದಿಲ್ ಷಾಹಿ, ಮೊಗಲ್, ನಿಜಾಮ; 1853ರಿಂದ ಏಳು ವರ್ಷ ಇಂಗ್ಲಿಷರು; ಮತ್ತೆ ನಿಜಾಮ. ಲಿಂಗಸುಗೂರು ಛಾವಣಿಯಾಗಿ, ಜಿಲ್ಲಾ ಕೇಂದ್ರವಾಗಿ, 1905ರಲ್ಲಿ ರಾಯಚೂರಿನಲ್ಲಿ ಸೇರಿಹೋಯಿತು. 1953ರಲ್ಲಿ ತುಂಗಭದ್ರೆಗೆ ಅಣೆಕಟ್ಟೆಯಾದ ಮೇಲೆ, ದಂಡುಗಳು ತುಳಿದ ಸಿಂಧನೂರಿನ ಹೊಲಗಳಲ್ಲಿ ಎಡದಂಡೆ ಕಾಲುವೆಯ ನೀರು ನಿಂತು ಬತ್ತ ಬಂತು.

ಮುದಗಲ್ಲಿನ ಕೋಟೆ ನಿಂತಿದೆ. ಕಂದಕ ಕೆಲವೆಡೆ 50 ಗಜದಷ್ಟು ಅಗಲ. ಅದರ ಹಿಂದೆ ಒಂದು ಸಾಲು ಕೊತ್ತಲ, ಒಳಗೆ ಇನ್ನೂ ದಪ್ಪನೆಯ ಇನ್ನೊಂದು ಸಾಲು. ಕೆಳಗಿನ ಕಲ್ಲಿನ ವರಸೆ ಹಿಂದೂ ಅರಸರ ಕಾಲದ ಕಟ್ಟಡದಂತೆ, ಮೇಲಿನ ತೆನೆಗಳು ಬಿಜಾಪುರದ ಕಮಾನಿನಂತೆ. ಬಂದೂಕು, ಫಿರಂಗಿ ಬಂದ ಮೇಲೆ ಹಳೆಯ ಕೋಟೆಯನ್ನೇ ಹೊಸದಾಗಿ ಕಟ್ಟಿದ್ದಕ್ಕೆ ಆ ಗೋಡೆಗಳೇ ಸಾಕ್ಷಿ. ಅದೇ ಊರಿನ ಮೊಹರಂ ಇಡೀ ನಾಡಿನಲ್ಲಿ ಹೆಸರುವಾಸಿ. ಅಲಾಯಿ ದೇವರ ಮುಂದೆ ಹರಕೆ ಹೊತ್ತು ನಿಲ್ಲುವವರಲ್ಲಿ ಹಿಂದೂಗಳು, ಮುಸಲ್ಮಾನರು ಎಂದು ಬೇರೆ ಮಾಡಿ ಎಣಿಸುವುದು ಯಾರಿಗೂ ಆಗದ ಕೆಲಸ. ರಾಯ ಸುಲ್ತಾನರ ಯುದ್ಧವನ್ನು ಧರ್ಮದ ಯುದ್ಧವೆಂದು ಮಾತ್ರ ಹೇಳುವವರು ಒಮ್ಮೆ ಈ ಊರಿಗೆ ಬಂದು ಹೋಗಬೇಕು.

ಪರ್ತಾಲ್ ನಿಜವಾಗಿ ಇದ್ದಳೋ ಇಲ್ಲವೋ, ಯುದ್ಧಕ್ಕೆ ಅವಳು ಕಾರಣಳಲ್ಲ. ಅವಳು ಹುಟ್ಟುವ ಮೊದಲು ಶುರುವಾಗಿ, ಅವಳ ಮರಿಮಕ್ಕಳ ಕಾಲ ದಾಟಿಯೂ ನಡೆದ ಯುದ್ಧ ಅದು. ಇಷ್ಟೆಲ್ಲ ಬರಹದಲ್ಲಿ ರಾಯರು, ಸುಲ್ತಾನರು, ಖಾನರು, ಕಾಜಿಗಳು ಸಾಲುಗಟ್ಟಿದ್ದಾರೆ. ಈ ಮಣ್ಣಿನ ಸಾಮಾನ್ಯ ಮನೆಯೊಂದರಿಂದ ಹೆಸರು ಹೇಳಿಸಿಕೊಂಡವಳು ಅವಳೊಬ್ಬಳೇ. ಅವಳು ಮಾಡಿದ್ದು ಇಷ್ಟೇ: ಹೆತ್ತವರನ್ನು ಕಾಣಲಾಗದ ಅರಮನೆ ತನಗೆ ಬೇಡವೆಂದದ್ದು. ಅದನ್ನು ತಪ್ಪಾಗಿ ಬರೆದದ್ದು ಸಾಕು.

ಸಿಂಧನೂರು, ಲಿಂಗಸುಗೂರು, ಮಸ್ಕಿಯ ಶಾಲೆಗಳ ಮೇಷ್ಟ್ರುಗಳಲ್ಲಿ, ಅಕ್ಕೋರಲ್ಲಿ ಒಂದು ಕೇಳಿಕೆ. ಈ ವರ್ಷ ಮಕ್ಕಳ ಪ್ರವಾಸದ ಬಸ್ಸು ದೂರದೂರಿಗೆ ಹೋಗುವ ಮೊದಲು ಒಂದು ದಿನ ಇಲ್ಲೇ ತಿರುಗಲಿ: ಮಸ್ಕಿಯ ಶಾಸನ, ಮುದಗಲ್ಲಿನ ಕೋಟೆ, ಕೃಷ್ಣೆಯ ನಡುಗಡ್ಡೆಯ ಜಲದುರ್ಗ. ಮುದಗಲ್ಲಿನ ಅಗಸೆಯಲ್ಲಿ ನಿಂತು ಪರ್ತಾಲಳ ಕಥೆ ಹೇಳುವಾಗ 1366ರಲ್ಲಿ ಸತ್ತವರ ಕಥೆಯನ್ನೂ ತಪ್ಪದೆ ಹೇಳಿ.